ಬೀಳುವ ಪಾತ್ರ

"ತಳ್ಳೋ ಬೋಳೀಮಗನೆ! ಮಗೂನ ತೊಟ್ಟಿಲಲ್ಲಿ ತೂಗ್ತಿದೀಯೇನೋ?"

ನಿರ್ದೇಶಕನ ಮೈಕು ಒದರಿತು. ನೆಲಕ್ಕೆ ಬಿದ್ದಿದ್ದ ಮುದುಕಿ ಅಂಗೈಯೂರಿ ಎದ್ದಳು. ಇದು ನಾಲ್ಕನೇ ಸಲ. ಮೊಣಕಾಲಿನ ಹತ್ತಿರ ಸೀರೆಗೆ ಕೆಂಪು ಹತ್ತಿತ್ತು. ಮೇಕಪ್ಪಿನವನು ಓಡಿ ಬಂದು ನೋಡಿ, "ಇದು ನಂದಲ್ಲ ಸಾರ್, ಒರಿಜಿನಲ್ಲು" ಅಂದ.

"ಇರ್ಲಿ ಬಿಡು, ಚೆನ್ನಾಗಿದೆ" ಎಂದಿತು ಮೈಕು.

ಅವಳನ್ನು ತಳ್ಳಬೇಕಿದ್ದ, ಧಣಿಯ ಬಂಟನ ವೇಷದಲ್ಲಿದ್ದ ನಟ ಮೀಸೆ ಸರಿಮಾಡಿಕೊಳ್ಳುವ ನೆಪದಲ್ಲಿ ಮುಖ ತಿರುಗಿಸಿದ. ಇಪ್ಪತ್ತೆರಡು ವರ್ಷದಲ್ಲಿ ಅವನು ಬಾಗಿಲು ಕಾದಿದ್ದ, ಹೆಣ ಹೊತ್ತಿದ್ದ, ಎಷ್ಟೋ ನಾಯಕರ ಒದೆ ತಿಂದಿದ್ದ. ಬೀದಿಯಲ್ಲಿ ಜನ 'ಎಲ್ಲೋ ನೋಡಿದೀನಲ್ಲ' ಅನ್ನುತ್ತಾರೆ, ಎಲ್ಲಿ ಎಂದು ಯಾರಿಗೂ ಹೊಳೆಯುವುದಿಲ್ಲ. ಹೋದ ವರ್ಷ ಈ ಧಾರಾವಾಹಿಯಲ್ಲಿ ಅವನ ಪಾತ್ರಕ್ಕೆ ಮಾತು ಸಿಕ್ಕಿತು. ಮಾತಿನ ಜೊತೆಗೆ ಕೂರಲು ಕುರ್ಚಿ, ಊಟಕ್ಕೆ ಪಿಂಗಾಣಿ ತಟ್ಟೆ. ಜೂನಿಯರ್‌ಗಳು, ಅಂದರೆ ಗುಂಪಿನಲ್ಲಿ ನಿಲ್ಲುವವರು, ಗೋಡೆಯಾಚೆ ನೆಲದ ಮೇಲೆ ಕೂತು ಉಣ್ಣಬೇಕು. ಅವರ ಪಾತ್ರೆಯ ಸೌಟು ಕುರ್ಚಿಯವರ ಪಾತ್ರೆಗೆ ತಾಕುವ ಹಾಗಿಲ್ಲ.

ಗೋಡೆಯಾಚೆ ಉಣ್ಣುವ ಆ ಮುದುಕಿ ಅವನ ಅಕ್ಕ. ತಾಯಿ ಸತ್ತ ಮೇಲೆ ಸೊಂಟದ ಮೇಲೆ ಹೊತ್ತು ಸಾಕಿದವಳು. ಈ ಕೆಲಸಕ್ಕೆ ಕೈಹಿಡಿದು ಕರೆತಂದವಳೂ ಅವಳೇ, ಏಟಾಗದ ಹಾಗೆ ಭುಜ ಕೊಟ್ಟು ಬೀಳುವುದನ್ನು ಕಲಿಸಿದವಳೂ ಅವಳೇ. ಕುರ್ಚಿ ಸಿಕ್ಕ ದಿನ ಅವನು ತಲೆ ತಗ್ಗಿಸಿ ಹೇಳಿದ್ದ: "ಸೆಟ್ಟಲ್ಲಿ ನನ್ನ ಮಾತಾಡಿಸ್ಬೇಡ ಕಣಕ್ಕ. ನಿನ್ ತಮ್ಮ ಅಂತ ಗೊತ್ತಾದ್ರೆ ನನ್ನೂ ಗೋಡೆ ಆಚೆ ಕೂರಿಸ್ತಾರೆ."

"ಆಯ್ತು ಬಿಡೋ, ನೀನು ಚೆನ್ನಾಗಿದ್ರೆ ಸಾಕು" ಅಂದಿದ್ದಳು. ಅದು ನೆನಪಾದಾಗಲೆಲ್ಲ ತಟ್ಟೆಯನ್ನು ಪಕ್ಕಕ್ಕೆ ಸರಿಸುತ್ತಿದ್ದ. ಮತ್ತೆ ಎಳೆದುಕೊಂಡು ಉಣ್ಣುತ್ತಿದ್ದ. ಹೊಟ್ಟೆಗೆಲ್ಲಿಯ ನಾಚಿಕೆ?

ನಿರ್ದೇಶಕ ಎದ್ದು ಬಂದ. "ಯಾಕೋ ಮೆತ್ತಗೆ ತಳ್ತಿದೀಯ? ಗೊತ್ತಿರೋಳಾ?"

ಅಕ್ಕ ಮೊಣಕಾಲು ಒತ್ತಿ ಹಿಡಿದುಕೊಂಡು ನೆಲ ನೋಡುತ್ತಿದ್ದಳು.

"ಅಯ್ಯೋ, ಇಲ್ಲ ಸಾರ್. ಯಾವುದೋ ಗುಂಪಲ್ಲಿ ಬಂದ ಮುಂಡೇದು."

ಇಲ್ಲ ಅಂದಿದ್ದರೆ ಸಾಕಿತ್ತು. ಆ ಕೊನೆಯ ಮಾತನ್ನು ಆಡು ಎಂದು ಯಾರೂ ಹೇಳಿರಲಿಲ್ಲ, ಯಾರೂ ಬರೆದುಕೊಟ್ಟಿರಲಿಲ್ಲ. ನಿರ್ದೇಶಕ ನಕ್ಕು ಬೆನ್ನು ತಟ್ಟಿ ಹೋದ.

ಐದನೇ ಸಲ ಕ್ಯಾಮೆರಾ ಓಡಿತು. "ಧಣಿ ಬಾಗ್ಲಿಗೇ ಬರ್ತೀಯೇನೇ, ಕತ್ತೆ!" ಎಂದು ಗದರಿ ಎರಡೂ ಕೈಯಿಂದ ನೂಕಿದ. ಅವಳು ಬೀಳಲಿಲ್ಲ. ಇನ್ನೊಮ್ಮೆ ನೂಕಿದ. ಕಾಲು ಅಗಲಿಸಿ ನಿಂತಳು. ಅರವತ್ತು ದಾಟಿದ ಆ ಮೈಯಲ್ಲಿ ಅಷ್ಟು ಕಸುವಿದೆಯೆಂದು ಅವನಿಗೆ ತಿಳಿದಿರಲಿಲ್ಲ.

"ಬೀಳೇ ಮುದುಕಿ!" ಮೈಕು ಕಿರುಚಿತು.

ಅವನು ತುಟಿಯಲುಗದ ಹಾಗೆ ಪಿಸುಗುಟ್ಟಿದ: "ಬಿದ್ಬಿಡಕ್ಕ. ನನ್ ಕೆಲ್ಸ ಹೋಗತ್ತೆ."

"ಯಾವಳೋ ನಿಂಗೆ ಅಕ್ಕ?" ಅವಳ ದನಿ ಇಡೀ ಸೆಟ್ಟಿಗೆ ಕೇಳಿಸಿತು. "ಮುಂಡೇದು ಅಂದ್ಯಲ್ಲೋ, ಅದನ್ನೇ ಅನ್ನು. ನನ್ ಮುಖ ನೋಡ್ಕೊಂಡು ಇನ್ನೊಂದ್ಸಲ ಅನ್ನು, ಬೀಳ್ತೀನಿ."

ಅವನ ಎರಡೂ ಕೈ ಅವಳ ಭುಜದ ಮೇಲೇ ಇದ್ದವು. ನೂಕಲಾಗಲಿಲ್ಲ, ತೆಗೆಯಲೂ ಆಗಲಿಲ್ಲ.

"ಯಾರೂ ನಿಲ್ಲಿಸ್ಬೇಡ್ರೋ" ಎಂದ ನಿರ್ದೇಶಕ, ಮೆಲ್ಲಗೆ. ಕ್ಯಾಮೆರಾದವನ ಕಡೆ ತಿರುಗಿದ. "ಇವನ ಮುಖಕ್ಕೆ ಹೋಗು. ಇನ್ನೂ ಹತ್ರ ಹೋಗು."

ಇಪ್ಪತ್ತೆರಡು ವರ್ಷದಲ್ಲಿ ಮೊದಲ ಸಲ ಕ್ಯಾಮೆರಾ ಅವನ ಮುಖದ ಹತ್ತಿರಕ್ಕೆ ಬಂತು.