ನಗದೆ ಕೂರುವ ಆಟ

ಹೊಟ್ಟೆಯ ಕ್ಯಾನ್ಸರ್ ಎಂದು ಗೊತ್ತಾದ ದಿನ ಅಣ್ಣ ನೇರ ನಮ್ಮ ಹೊಲಿಗೆ ಅಂಗಡಿಗೆ ಬಂದು, ಅಳತೆ ಟೇಪನ್ನು ತನ್ನ ಸೊಂಟಕ್ಕೇ ಸುತ್ತಿಕೊಂಡ. "ಬರ್ಕೊಳ್ಳೋ. ಇನ್ಮೇಲೆ ಈ ಗಿರಾಕಿ ಬಟ್ಟೆ ಬಿಗಿ ಮಾಡಿಸೋಕೆ ವಾರಕ್ಕೊಂದ್ಸಲ ಬರ್ತಾನೆ." ನಾನು ಮುಖ ಬಿಗಿದು ಬರೆದುಕೊಂಡೆ.

ಅದು ನಮ್ಮ ಹಳೆಯ ಆಟ. ಎದುರುಬದುರು ಕೂತು ಹೊಲಿಯುವಾಗ ಒಬ್ಬ ಗಂಭೀರವಾಗಿ ಏನೋ ತಮಾಷೆ ಶುರುಮಾಡಬೇಕು. ಇನ್ನೊಬ್ಬ ಅಷ್ಟೇ ಗಂಭೀರವಾಗಿ ಮುಂದುವರಿಸಬೇಕು. ಮೊದಲು ನಕ್ಕವನು ಸೋತ. ಕಾಯಿಲೆಯನ್ನೂ ಆಟಕ್ಕೆ ಎಳೆದುಕೊಂಡೆವು. ಕೂದಲು ಉದುರಿದಾಗ, "ಬಾಚಣಿಗೆಗೆ ನಿವೃತ್ತಿ ಕೊಟ್ಟೆ" ಎಂದ. "ಸನ್ಮಾನ ಯಾವಾಗ?" ಎಂದೆ. "ನಿಮ್ಮಿಬ್ರಿಗೂ ಹೊತ್ತುಗೊತ್ತು ಇಲ್ಲ" ಎಂದು ಅತ್ತಿಗೆ ಬಯ್ಯುತ್ತಲೇ ನಗುತ್ತಿದ್ದರು. ಆ ಮನೆಯಲ್ಲಿ ಆಗ ಉಳಿದಿದ್ದ ನಗು ಅದೊಂದೇ.

ಐದನೆಯ ಸಲ ಆಸ್ಪತ್ರೆಯಲ್ಲಿ ಔಷಧಿ ಏರಿಸಿಕೊಂಡು ಬಂದ ಮಧ್ಯಾಹ್ನ ಅವನು ಮಂಚದ ಮೇಲಿದ್ದ. ಅತ್ತಿಗೆ ಮಾತ್ರೆ ತರಲು ಹೋಗಿದ್ದರು. ನಾನು ಅವನಿಗೆ ಸಡಿಲವಾಗಿದ್ದ ಅಂಗಿಯ ಬದಿ ಬಿಚ್ಚಿ, ಒಳಗೆ ಹಿಡಿದು ಹೊಲಿಯುತ್ತಿದ್ದೆ.

"ಭಯ ಆಗ್ತಿದೆ ಕಣೋ" ಎಂದ.

ಸೂಜಿಯಿಂದ ಕಣ್ಣೆತ್ತದೆ, "ಯಾರಿಗೆ? ಡಾಕ್ಟರಿಗಾ?" ಎಂದೆ.

ಅವನು ಸುಮ್ಮನಾದ. ಸುಮ್ಮನಾಗುವುದೂ ಆಟದಲ್ಲಿ ಅವನದೊಂದು ಪಟ್ಟು. ತುಟಿ ಕಚ್ಚಿ ಕಾದೆ. ತಲೆಯೆತ್ತಿದರೆ ಅವನ ಕಣ್ಣಲ್ಲಿ ನೀರು. ನಗು ತಡೆದುಕೊಳ್ಳುವಾಗಲೂ ಅವನಿಗೆ ಹಾಗೇ ಆಗುತ್ತಿತ್ತು.

"ನೀನು ಸೋತೆ, ಒಪ್ಕೋ" ಎಂದೆ.

"ಒಪ್ಕೊಂಡೆ ಬಿಡಪ್ಪ." ನಕ್ಕ. ನಗು ಸ್ವಲ್ಪ ತಡವಾಗಿ ಬಂತು.

ಆ ತಡ ನನಗೆ ಅರ್ಥವಾದದ್ದು ಮನೆಗೆ ಹೋಗುವಾಗ, ಬಸ್ಸಿನ ಕಂಬಿ ಹಿಡಿದು ನಿಂತಿದ್ದಾಗ. ಮರುದಿನ ಅಂಗಡಿ ತೆಗೆಯದೆ ಅವನ ಬಳಿಗೇ ಹೋದೆ.

"ನಿನ್ನೆ ಹೇಳ್ತಿದ್ಯಲ್ಲ ಅಣ್ಣ, ಅದನ್ನ ಪೂರ್ತಿ ಹೇಳು."

"ಯಾವುದನ್ನ?"

"ಭಯ ಅಂದ್ಯಲ್ಲ. ಈಗ ಆಟ ಆಡಲ್ಲ."

ಅವನು ಹೊದಿಕೆಯ ಅಂಚಿನ ಹೊಲಿಗೆಯನ್ನು ಉಗುರಿನಿಂದ ಸವರುತ್ತ ಕೂತ. ಬಾಗಿಲಲ್ಲಿ ಅತ್ತಿಗೆ ನೀರಿನ ಲೋಟ ಹಿಡಿದು ನಿಂತಿದ್ದರು. ಅವರತ್ತ ನೋಡಿದ, ಆಮೇಲೆ ನನ್ನತ್ತ.

"ಈ ಮುಖ ಹೊತ್ಕೊಂಡು ಬಂದ್ರೆ ಹೇಗೋ ಹೇಳ್ಲಿ? ನಿನ್ನ ನೋಡಿದ್ರೇನೇ ಜಾಸ್ತಿ ಭಯ ಆಗುತ್ತೆ."

ಅತ್ತಿಗೆ ನಕ್ಕರು. ನಗಬಾರದಿತ್ತು, ನಾನೂ ನಕ್ಕೆ. ಅವನು ನೀರು ಕುಡಿದು, ಲೋಟ ನನ್ನ ಕೈಗೆ ಕೊಟ್ಟು, ಗೋಡೆಯ ಕಡೆ ಹೊರಳಿ ಮಲಗಿದ.

ಮತ್ತೆ ಅವನು ಆ ಮಾತು ಎತ್ತಲಿಲ್ಲ, ನಾನೂ ಕೇಳಲಿಲ್ಲ. ಅವನು ತೀರಿಕೊಳ್ಳುವ ಮುಂಚೆ ಕೇಳುವುದಕ್ಕೆ ಇನ್ನೂ ಹನ್ನೊಂದು ವಾರಗಳಿದ್ದವು.