ಹಸನ್ ಕುಂಞಿಯ ಕೈಚಳಕ

ಗಂಜಿಯ ಬಟ್ಟಲು ಹಿಡಿದು ನೆರೆಮನೆಯ ಝೊಹರಾ ಮೂರನೇ ಸಲ ಒತ್ತಾಯಿಸುತ್ತಿರುವಾಗಲೇ ಹಲೀಮತ್ ಎದ್ದು, ಮಂಚದಡಿಯಿಂದ ಹೂವಿನ ಚಿತ್ರವೊಂದನ್ನು ಹೊರಗೆಳೆದಳು. ಝೊಹರಾ ಬಟ್ಟಲನ್ನು ಕೆಳಗಿಟ್ಟಳು. ಗಂಡನ ಮಯ್ಯತ್ತು ಆಸ್ಪತ್ರೆಯಿಂದ ಮಸೀದಿಗೆ, ಅಲ್ಲಿಂದ ಖಬರಸ್ಥಾನಕ್ಕೆ ಹೋದ ದಿನ ಹೆಂಡತಿಗೆ ಇದೆಂಥ ಹುಚ್ಚು? ಜಿದ್ದಾದ ಆ ಫ್ಲ್ಯಾಟಿನಲ್ಲಿ ಕುಳಿತಿದ್ದ ಹೆಂಗಸರು ಮುಖ ಮುಖ ನೋಡಿಕೊಂಡರು.

ಹಲೀಮತ್‌ಳ ಗಂಡ ಹಸನ್ ಕುಂಞಿ ಚಿತ್ರಗಳಿಗೆ ಗಾಜು, ಕಟ್ಟು ಹಾಕುವವನಾಗಿದ್ದ. ಮುಖವಿರುವ ಚಿತ್ರ ಗೋಡೆಗೇರದ ಊರಿನಲ್ಲಿ ಡಚ್ಚರ ಹಳೆಯ ಹೂವಿನ ಚಿತ್ರಗಳ ಅಚ್ಚುಪ್ರತಿಗೆ ಬಹಳ ಬೇಡಿಕೆ. ಆದರೆ ಆ ಪುಣ್ಯಾತ್ಮರು ಹೂ ಬರೆದು ಸುಮ್ಮನಿರುವವರಲ್ಲ. ಮೂಲೆಯಲ್ಲಿ ಬಸವನಹುಳವನ್ನೋ ಕಂಬಳಿಹುಳವನ್ನೋ ಕೂರಿಸಿಯೇ ಬಿಡುತ್ತಿದ್ದರು. ಗಿರಾಕಿಗಳಿಗೆ ಜೀವವಿರುವುದು ಬೇಡ. ಹಾಗಾಗಿ ಚಿತ್ರದ ಸುತ್ತ ಕೂರಿಸುವ ದಪ್ಪ ರಟ್ಟನ್ನು ನಾಲ್ಕೂ ಮೂಲೆಯಲ್ಲಿ ಮೆಟ್ಟಿಲಿನಂತೆ ಕೊಯ್ಯಬೇಕು. ಹುಳ ಅಡಗಬೇಕು, ಎಸಳೊಂದೂ ಮರೆಯಾಗಬಾರದು. ಇದರಲ್ಲಿ ಹಸನ್ ಕುಂಞಿಯ ಕೈಚಳಕಕ್ಕೆ ಸಾಟಿಯಿಲ್ಲ ಎಂದು ದೂರದ ರಾಬಿಗ್ ಪಟ್ಟಣದವರೆಗೂ ಹೆಸರಿತ್ತು.

ಕೊಯ್ಯುತ್ತಿದ್ದವಳು ಹಲೀಮತ್. ಅದು ಗೊತ್ತಿದ್ದದ್ದು ಗಂಡ ಹೆಂಡತಿ ಇಬ್ಬರಿಗೇ.

*

ಎಂಟು ವರ್ಷದ ಹಿಂದೆ, ತೊಂಬತ್ತನೇ ಇಸವಿಯಲ್ಲಿ, ರಾಬಿಗ್‌ನ ಒಬ್ಬ ಡಚ್ ಇಂಜಿನಿಯರ್ ಅಂಥದೊಂದು ಚಿತ್ರವನ್ನು ಕಟ್ಟು ಹಾಕಲು ಕೊಟ್ಟಿದ್ದ. ಹಸನ್ ಕುಂಞಿ, ಉಪಕಾರವಾಗಲಿ ಎಂದು, ಕಂಬಳಿಹುಳವನ್ನೇ ಬ್ಲೇಡಿನಿಂದ ಕೊಯ್ದು ತೆಗೆದುಬಿಟ್ಟ. ಇಂಜಿನಿಯರ್ ತಲೆಯ ಮೇಲೆ ಕೈ ಹೊತ್ತು ಕುಳಿತ. ಬೈಯಲಿಲ್ಲ ಪಾಪ, ಬಿಡಿಸಿ ಹೇಳಿದ. ಈ ಹೂಗಳು ಒಟ್ಟಿಗೆ ಅರಳುವಂಥವಲ್ಲವಂತೆ. ಟ್ಯುಲಿಪ್‌ನ ಕಾಲ ಬೇರೆ, ಗುಲಾಬಿಯ ಕಾಲ ಬೇರೆ. ಬರೆಯುವವ ಒಂದೊಂದಕ್ಕೂ ಕಾದು, ತಿಂಗಳುಗಟ್ಟಲೆ ಬರೆದು ಒಂದೇ ಹೂದಾನಿಗೆ ಸೇರಿಸುತ್ತಿದ್ದನಂತೆ. ಎಷ್ಟು ಚಂದವಿದ್ದರೂ ಎಲ್ಲ ಒಂದು ದಿನ ಹೋಗುವುದೇ ಎಂದು ನೆನಪಿಸಲಿಕ್ಕೆ ಆ ಹುಳ.

"ಅದನ್ನು ಹೇಳಲಿಕ್ಕೆ ಹುಳ ಬೇಕಾ ಮಾರಾಯ್ತಿ? ನಮಗೆ ಗೊತ್ತಿಲ್ವಾ?" ಎಂದು ಹಸನ್ ಕುಂಞಿ ಮನೆಗೆ ಬಂದು ನಕ್ಕ. ನಕ್ಕವನು ಬ್ಲೇಡನ್ನು ಮಾತ್ರ ಮತ್ತೆ ಕೈಗೆತ್ತಿಕೊಳ್ಳಲಿಲ್ಲ. ಹಲೀಮತ್‌ಳದ್ದು ಉಳ್ಳಾಲದಲ್ಲಿ ಬೀಡಿ ಎಲೆ ಕತ್ತರಿಸಿ ಪಳಗಿದ ಕೈ. ಅವಳು ಉಳಿದ ರಟ್ಟಿನ ಚೂರಿನಲ್ಲಿ ಮೆಟ್ಟಿಲು ಕೊಯ್ದು ತೋರಿಸಿದಳು. ಅಂದಿನಿಂದ ರಟ್ಟು ಮನೆಗೆ ಬರತೊಡಗಿತು. ಹೆಂಗಸು ಕೆಲಸ ಮಾಡುತ್ತಾಳೆಂದರೆ ಅಂಗಡಿಯ ಒಡೆಯ, ವೀಸಾ ಕೊಟ್ಟ ಕಫೀಲ್ ಏನೆಂದಾನೋ ಎಂಬ ಹೆದರಿಕೆಗೆ ಹಸನ್ ಮೊದಲು ಬಾಯಿ ಮುಚ್ಚಿಕೊಂಡ. ಆಮೇಲೆ ಹೊಗಳಿಕೆಯ ರುಚಿ ಹತ್ತಿತು. ಊರಿಗೆ ಹೋದಾಗ ಎಲ್ಲರಿಗೂ ಹೇಳುತ್ತೇನೆ ಎನ್ನುತ್ತಿದ್ದ, ಹೋದಾಗೆಲ್ಲ ಮರೆಯುತ್ತಿದ್ದ. ಅವಳಿಗೆ ಸಿಟ್ಟು ಬರುತ್ತಿತ್ತು. ಅವನೆಂದರೆ ಪ್ರಾಣವೂ ಆಗಿತ್ತು.

*

ಸಂಜೆಯ ಅಸರ್ ನಮಾಜು ಕಳೆದು, ಮಣ್ಣು ಮುಗಿಸಿ, ಹಲೀಮತ್‌ಳ ತಮ್ಮ ಫಾರೂಕ್ ಬಂದ. ಅಂಗಡಿಯಲ್ಲಿ ಗಾಜು ಕೂರಿಸುವವ ಅವನೇ. ರಟ್ಟನ್ನು ಮನೆಗೆ ಒಯ್ದು ಕೊಯ್ಯುವುದು ಭಾವನೇ ಎಂದು ನಂಬಿದ್ದವರಲ್ಲಿ ಅವನೂ ಒಬ್ಬ. ಕಫೀಲ್ ಖಬರಸ್ಥಾನದಲ್ಲಿ ಮಗುವಿನಂತೆ ಅತ್ತನಂತೆ. ಅತ್ತು ಮುಗಿಸಿ, ಹಸನನ ಕೈಯೇ ಮಣ್ಣಿಗೆ ಹೋದ ಮೇಲೆ ಅಂಗಡಿ ಯಾಕೆ, ತಿಂಗಳ ಕೊನೆಗೆ ಬೀಗದ ಕೈ ಕೊಡು ಎಂದನಂತೆ. ಹಲೀಮತ್ ಹೊರಗೆಳೆದಿದ್ದ ಹೂವಿನ ಚಿತ್ರ ಕಫೀಲ್ ತನ್ನ ಮಗಳ ಹೊಸಮನೆಗೆಂದು ಕೊಟ್ಟದ್ದು; ಅದನ್ನು ನಾಳೆ ಹಾಗೆಯೇ ವಾಪಸು ತಾ ಎಂದೂ ಹೇಳಿದನಂತೆ.

ಅಂಗಡಿ ಮುಚ್ಚಿದರೆ ಫಾರೂಕನ ವಾಸದ ಪರವಾನಗಿ ಇಕಾಮಾಕ್ಕೆ ಸಂಚಕಾರ. ಹಲೀಮತ್‌ಗೆ ಅದೊಂದೇ ಅಲ್ಲ. ತನ್ನ ಎಂಟು ವರ್ಷದ ಕೆಲಸ ಗಂಡನ ಜೊತೆಗೇ ಹೂತುಹೋಗುವುದನ್ನು ಅವಳಿಂದ ತಡೆದುಕೊಳ್ಳಲಾಗಲಿಲ್ಲ.

"ಆ ಕೈ ನನ್ನದು" ಎಂದಳು.

ಫಾರೂಕ್ ತಗ್ಗಿದ ದನಿಯಲ್ಲಿ, "ಇವತ್ತು ಬೇಡ ಅಕ್ಕಾ. ಜನ ಭಾವನನ್ನು ಸುಳ್ಳುಗಾರ ಅಂತಾರೆ" ಎಂದ.

"ಸುಳ್ಳು ಹೇಳಿದ್ದು ಹೌದು. ಒಳ್ಳೆಯವರಾಗಿದ್ದದ್ದೂ ಹೌದು" ಎನ್ನುವಾಗ ಬೆಳಗ್ಗಿನಿಂದ ಬಾರದಿದ್ದ ಕಣ್ಣೀರು ಬಂತು. ಸೆರಗಿನಿಂದ ಒರೆಸಿಕೊಂಡು ನೆಲದ ಮೇಲೆ ರಟ್ಟು ಹಾಸಿದಳು. "ಅವರು ಒಪ್ಪಿಕೊಂಡ ಕೆಲಸ ವಾಪಸು ಹೋಗಬಾರದು."

ಅಳೆದು, ಗುರುತು ಹಾಕಿ ಬ್ಲೇಡ್ ಎಳೆದಳು. ಒಂದು ಮೂಲೆ ಬಿಟ್ಟುಕೊಂಡಿತು. ರಟ್ಟನ್ನು ಚಿತ್ರದ ಮೇಲಿಟ್ಟಾಗ ಬಸವನಹುಳ ಅಡಗಿತು, ಅದರ ಪಕ್ಕದಲ್ಲಿ ಉದುರಿದ್ದ ಎಸಳು ಉಳಿಯಿತು. ಫಾರೂಕ್ ಬಗ್ಗಿ ಆ ಅಂಚಿನ ಮೇಲೆ ಬೆರಳಾಡಿಸಿದ. ಎಂಟು ವರ್ಷ ಇದೇ ಅಂಚಿನ ಮೇಲೆ ಗಾಜು ಕೂರಿಸಿದವನಿಗೆ ಬೇರೆ ಸಾಕ್ಷಿ ಬೇಕಿರಲಿಲ್ಲ.

"ನಾಳೆ ಕಫೀಲ್ ಹತ್ತಿರ ಎಂತ ಹೇಳಲಿ?" ಎಂದು ಕೇಳಿದ.

"ನನ್ನ ಹೆಸರು ಹೇಳು."

ಅವನು ಎದ್ದು ಕೈ ತೊಳೆದು ಬಂದು ಅಕ್ಕನ ಎದುರು ಮಂಡಿಯೂರಿದ. ಉಕ್ಕಿನ ಸ್ಕೇಲನ್ನು ಎರಡನೇ ಮೂಲೆಯ ಗೆರೆಗೆ ತಂದು ಎರಡೂ ಕೈಯಿಂದ ಒತ್ತಿಹಿಡಿದ. ಅವನ ಉಗುರುಗಳಲ್ಲಿ ಭಾವನ ಗೋರಿಯ ಮಣ್ಣು ಇನ್ನೂ ಉಳಿದಿತ್ತು. ಹಲೀಮತ್ ಆ ಬೆರಳುಗಳ ಪಕ್ಕದಲ್ಲೇ ಬ್ಲೇಡ್ ಊರಿ, ತನ್ನ ಕಡೆಗೆ ಎಳೆದಳು.