ನಡುವೆ ನಿಂತ ದೇವತೆ

ಇದ್ದಿಲ ಪುಡಿ ಆಗಲೇ ಬೆರಳಿಗೆ ಮೆತ್ತಿಕೊಂಡಿದೆ, ಇನ್ನೂ ಒಂದು ಗೆರೆ ಎಳೆದಿಲ್ಲ, ಮೂವರು ದೇವತೆಯರು ಎನ್ನುತ್ತಿದ್ದಾರೆ ಡ್ರಾಯಿಂಗ್ ಟೀಚರ್, ಗ್ರೀಕರ ಚೆಲುವಿನ ದೇವತೆಯರು, ಅಗ್ಲಾಯಿಯಾ ಕಾಂತಿ, ಥಾಲಿಯಾ ಸಮೃದ್ಧಿ, ಯೂಫ್ರೊಸಿನಿ ನಲಿವು, ಅಕ್ಕತಂಗಿಯರು, ನಡುವಿನವಳು ನಮಗೆ ಬೆನ್ನು ಮಾಡಿ ನಿಲ್ಲುತ್ತಾಳೆ, ಇವತ್ತು ಹುಡುಗಿಯರು ಬೇಡ, ಬದುಕಿ ಬಾಳಿದ ಮೈಯನ್ನು ಬಿಡಿಸೋಣ — ಆಫೀಸಿಗೆ ರಜೆ ಹಾಕಿ ಬಂದದ್ದು ಒಳ್ಳೆಯದೇ ಆಯಿತು, ಅಮೆರಿಕದ ಈ ಕ್ರಾಸ್‌ರೋಡ್ಸ್ ಬಡಾವಣೆಯಲ್ಲಿ ನಮ್ಮ ಅಪಾರ್ಟ್‌ಮೆಂಟಿನ ಹಿಂದುಗಡೆಯೇ ಇಂಥ ಕ್ಲಾಸ್ ಇದೆಯೆಂದು ಗೊತ್ತಿರಲಿಲ್ಲ, ಪರದೆ ಸರಿಯಿತು, ಮಾದರಿಗೆ ನಿಂತ ಮೂವರೂ ಎದೆಗೆ ಬಿಳಿ ಬಟ್ಟೆ ಅವುಚಿಕೊಂಡಿದ್ದಾರೆ, ಎಡಕ್ಕೆ ಯಾರೋ ಅಮೆರಿಕನ್ ಅಜ್ಜಿ, ಬಲಕ್ಕೆ — ಕೆಳಗಿನ ಮನೆಯ ಮಾರ್ಗರೆಟ್ ಆಂಟಿ, ಅವರ ಜೊತೆಗೇ ತಾನೆ ಅತ್ತೆ ಪ್ರತಿ ಮಂಗಳವಾರ ಲೈಬ್ರರಿಗೆ ಹೋಗುವುದು, ಇವತ್ತೂ ಮಂಗಳವಾರ, ಹಾಗಾದರೆ ನಡುವಿನ ಈ ಬೆನ್ನು, ಸೊಂಟದವರೆಗೂ ಬರಿದಾದ ಬೆನ್ನು — ಇಲ್ಲ, ಇರಲಾರದು — ಎಡಭುಜದ ಕೆಳಗೆ ಹುಣಸೆಬೀಜದಷ್ಟು ಮಚ್ಚೆ, ಹೋದ ಚಳಿಗಾಲ ಕೆಮ್ಮು ಬಂದಾಗ ನಾನೇ ಅಲ್ಲಿ ವಿಕ್ಸ್ ತಿಕ್ಕಿದ್ದೆ, ಆಗಲೂ ಸೆರಗನ್ನು ಮುಷ್ಟಿಯಲ್ಲಿ ಬಿಗಿಹಿಡಿದೇ ಕೂತಿದ್ದರು, ಮೈಸೂರಿನ ತಂಗಿಯೊಂದಿಗೆ ಸ್ಕೈಪ್‌ನಲ್ಲಿ ಮಾತಾಡುವಾಗಲೂ ಮೈತುಂಬ ಹೊದೆಯುವವರು, ಮಾವ ಹೋದ ಮೇಲೆ ಕನ್ನಡಿಯ ಮುಂದೆ ನಿಲ್ಲದ ಗೌರಾದೇವಿ, ನನ್ನ ಗಂಡ ಚೇತನ್‌ನ ತಾಯಿ, ಇಷ್ಟು ಜನರೆದುರು, ಹಾಡುಹಗಲಲ್ಲಿ, ಎದ್ದು ಹೋಗಿಬಿಡಲೇ, ಜಾಕೆಟ್ ಹೊದಿಸಲೇ, ಚೇತನ್‌ಗೆ ಏನೆಂದು ಹೇಳಲಿ, ಅರ್ಧ ಎದ್ದು ಮತ್ತೆ ಕೂತೆ, ಕುರ್ಚಿ ಕಿರುಗುಟ್ಟಿತು, ಮಾರ್ಗರೆಟ್ ಆಂಟಿ ನನ್ನನ್ನು ನೋಡಿಬಿಟ್ಟರು, ಅತ್ತೆಯ ಕಿವಿಯಲ್ಲಿ ಏನೋ ಅಂದರು, ಅತ್ತೆ ತಿರುಗಲಿಲ್ಲ, ಗೋಡೆಯ ಕಡೆಗೇ ಮುಖ ಮಾಡಿಕೊಂಡು, ನಮ್ಮ ಅಡುಗೆಮನೆಯಲ್ಲಿ ಮಾತಾಡುವಷ್ಟೇ ಮೆಲ್ಲಗೆ ಹೇಳಿದರು, ಜಾಹ್ನವಿ, ಗಾಬರಿ ಆಗ್ಬೇಡ ಕಣೆ, ಚೇತನ್‌ಗೆ ನಾನೇ ಹೇಳ್ತೀನಿ, ನೀನು ಬಿಡಿಸು, ನನ್ನ ಬೆನ್ನು ಹೇಗಿದೆ ಅಂತ ನಾನೇ ನೋಡಿಲ್ಲ — ಅವರು ಏನೆಂದರು ಎಂದು ಟೀಚರ್ ಕೇಳುತ್ತಿದ್ದಾರೆ, ಇದ್ದಿಲನ್ನು ಕಾಗದಕ್ಕೆ ಒತ್ತಿದೆ, ಕುತ್ತಿಗೆಯಿಂದ ಕೆಳಕ್ಕೆ ಒಂದು ಗೆರೆ, ಸೊಟ್ಟಗಾಯಿತು, ತಲೆಯೆತ್ತಿದರೆ ಆ ಬೆನ್ನು ಅಲುಗುತ್ತಿದೆ, ಮಾವ ತೀರಿಕೊಂಡ ದಿನ ಹೀಗೇ ಅಲುಗಿತ್ತು, ಅಯ್ಯೋ ಅಳುತ್ತಿದ್ದಾರೆಯೇ, ಅಲ್ಲ, ಮೂವರೂ ನಗು ತಡೆಯುತ್ತಿದ್ದಾರೆ, ತಡೆಯಲಾಗುತ್ತಿಲ್ಲ, ನಮ್ಮ ಮನೆಯಲ್ಲಿ ಒಂದು ದಿನವೂ ಕೇಳದ ನಗು, ಬೆನ್ನು ಪೂರ್ತಿ ನಗು, ಗೆರೆ ಮುಂದಕ್ಕೆ ಹೋಗುತ್ತಿಲ್ಲ, ನಗುವ ಬೆನ್ನು, ಆ ಬೆನ್ನು, ನಗುವ —